ಆಧಾರವಿಲ್ಲದ ವಾಕ್ಯ

ಪ್ರಕಾಶನದ ಕಚೇರಿಯಲ್ಲಿ ಅವಳನ್ನು ಎಲ್ಲರೂ ಸೂಚಿಯಮ್ಮ ಎಂದೇ ಕರೆಯುತ್ತಿದ್ದರು. ದಪ್ಪ ಪುಸ್ತಕಗಳ ಕೊನೆಯಲ್ಲಿ ಯಾವ ಹೆಸರು, ಯಾವ ವಿಷಯ ಎಷ್ಟನೇ ಪುಟದಲ್ಲಿದೆ ಎಂದು ಪಟ್ಟಿ ಇರುತ್ತದಲ್ಲ, ಆ ಪದಸೂಚಿ ಮಾಡಿಕೊಡುವುದು ಅವಳ ಕಸುಬು. ಇಪ್ಪತ್ತೆರಡು ವರ್ಷಗಳಲ್ಲಿ ಅವಳು ಸೇತುವೆಗಳ ಬಗ್ಗೆ ಓದಿದ್ದಳು, ಮೂತ್ರಪಿಂಡಗಳ ಬಗ್ಗೆ ಓದಿದ್ದಳು, ಜೇಡಗಳ ಬಗ್ಗೆ ಎರಡು ಸಂಪುಟ ಓದಿದ್ದಳು. ಓದಿದ್ದು ಯಾವುದೂ ತಲೆಯಲ್ಲಿ ನಿಲ್ಲುತ್ತಿರಲಿಲ್ಲ. ನಿಲ್ಲಬೇಕಾಗಿಯೂ ಇರಲಿಲ್ಲ. ಹೆಸರು ಕಂಡರೆ ಒಂದು ಚೀಟಿ, ಚೀಟಿಯ ಮೇಲೆ ಪುಟದ ಸಂಖ್ಯೆ, ಚೀಟಿ ಹೋಗಿ ಚಪ್ಪಲಿಯ ಖಾಲಿ ಡಬ್ಬಿಗೆ. ಈಗೆಲ್ಲ ಕಂಪ್ಯೂಟರ್ ಬಂದಿದೆ ಎಂದು ಯಾರಾದರೂ ಅಂದರೆ, "ಕಂಪ್ಯೂಟರ್‌ಗೆ ಒಬ್ಬನೇ ಮನುಷ್ಯನಿಗೆ ಮೂರು ಹೆಸರಿರುತ್ತೆ ಅಂತ ಗೊತ್ತಾಗಲ್ಲ ಕಣಪ್ಪ" ಎನ್ನುತ್ತಿದ್ದಳು.

ಒಂದು ಮಂಗಳವಾರ ಕಚೇರಿಯಿಂದ ಹೊಸ ಕಟ್ಟು ಬಂತು. ಆರುನೂರ ಹನ್ನೆರಡು ಪುಟಗಳ ಪ್ರೂಫ್. ಹದಿನೆಂಟನೇ ಶತಮಾನದ ಐರ್ಲೆಂಡಿನ ಒಬ್ಬ ವ್ಯಂಗ್ಯಕಾರನ ಬದುಕು ಮತ್ತು ಬರಹ. ಬರೆದವರ ಹೆಸರು ನೋಡಿ ಅವಳು ಕಟ್ಟನ್ನು ಕೆಳಗಿಟ್ಟಳು. ಇಪ್ಪತ್ತಾರು ವರ್ಷಗಳ ಹಿಂದೆ ಅವಳ ಅಣ್ಣನ ಪಿಎಚ್‌ಡಿ ಪ್ರಬಂಧವನ್ನು ತಿರಸ್ಕರಿಸಿದ ಪರೀಕ್ಷಕ ಪ್ರೊಫೆಸರರು ಅವರೇ. ಅಣ್ಣನ ಪ್ರಬಂಧವೂ ಇದೇ ವ್ಯಂಗ್ಯಕಾರನ ಮೇಲೆಯೇ ಇತ್ತು.

ಆಗಲ್ಲ ಎಂದು ಕಟ್ಟನ್ನು ವಾಪಸು ಕಳಿಸಬಹುದಿತ್ತು. ಕಳಿಸಲಿಲ್ಲ. ಇರಲಾರದೆ ಇರುವೆ ಬಿಟ್ಟುಕೊಂಡರು ಎನ್ನುವ ಗಾದೆ ಸುಮ್ಮನೆ ಹುಟ್ಟಿದ್ದಲ್ಲ. ಇದರಲ್ಲಿ ನಾಲ್ಕು ತಪ್ಪು ಹುಡುಕಬೇಕು, ಭಾನುವಾರ ಅಣ್ಣ ಊಟಕ್ಕೆ ಬಂದಾಗ ತೋರಿಸಬೇಕು, ಇಬ್ಬರೂ ಸೇರಿ ಹೊಟ್ಟೆ ತುಂಬ ನಗಬೇಕು ಎಂದುಕೊಂಡಳು. ಅಣ್ಣ ನಕ್ಕು ಎಷ್ಟೋ ಕಾಲವಾಗಿತ್ತು.

ಅವನ ಹರೆಯದಲ್ಲಿ ಆ ವ್ಯಂಗ್ಯಕಾರ ಮನೆಯ ಸದಸ್ಯನೇ ಆಗಿಬಿಟ್ಟಿದ್ದ. "ಐರ್ಲೆಂಡಿನ ಅಜ್ಜ" ಎಂದು ಹೆಸರಿಟ್ಟವಳು ಅಮ್ಮ. "ನಿನ್ನ ಐರ್ಲೆಂಡಿನ ಅಜ್ಜ ಬಂದು ನಲ್ಲಿ ರಿಪೇರಿ ಮಾಡ್ತಾನೇನೋ?" ಎಂದು ಕೇಳುತ್ತಿದ್ದಳು. ಅಣ್ಣ ಹಳೇ ಪುಸ್ತಕದ ಅಂಗಡಿಗಳನ್ನೆಲ್ಲ ಜಾಲಾಡಿ ಆ ಅಜ್ಜನ ಬಗ್ಗೆ ಯಾರು ಏನೇ ಬರೆದಿರಲಿ, ತಂದು ಒಟ್ಟುತ್ತಿದ್ದ. ನಲವತ್ತಕ್ಕೂ ಹೆಚ್ಚು ಪುಸ್ತಕಗಳಾಗಿದ್ದವು. ಅವುಗಳನ್ನು ಜೋಡಿಸಿದ ಕ್ರಮವೂ ಅವನದೇ. ಮೇಲಿನ ಹಲಗೆಯಲ್ಲಿ ಅಜ್ಜನನ್ನು ಹೊಗಳಿದವರು, ಕೆಳಗಿನದರಲ್ಲಿ ಅವನನ್ನು ಹುಚ್ಚ ಎಂದವರು, ನಡುವಿನ ಹಲಗೆಯಲ್ಲಿ ಅವನನ್ನು ಓದದೆಯೇ ಬರೆದವರು. ನಡುವಿನ ಹಲಗೆ ಯಾವಾಗಲೂ ಭರ್ತಿ.

ಪ್ರಬಂಧ ಟೈಪ್ ಮಾಡಿದವಳು ಅವಳು. ಆಗ ಅಮ್ಮನಿಗೆ ಪಾರ್ಶ್ವವಾಯು ಹೊಡೆದು ಮಾತು ನಿಂತು ಐದು ತಿಂಗಳಾಗಿತ್ತು. ಮುಂದಿನ ಕೋಣೆಯಲ್ಲಿ ಅಮ್ಮನ ಮಂಚ, ಮಂಚದ ಪಕ್ಕದಲ್ಲೇ ಟೈಪ್‌ರೈಟರ್. ಅಣ್ಣ ಬರೆದು ಕೊಡುವುದು, ಇವಳು ಎರಡು ಹಾಳೆಯ ನಡುವೆ ಕಾರ್ಬನ್ ಇಟ್ಟು ಕುಟ್ಟುವುದು. ನಡುವೆ ಎದ್ದು ಅಮ್ಮನನ್ನು ಮಗ್ಗುಲು ತಿರುಗಿಸುವುದು. ಹೀಗೆ ಮುನ್ನೂರ ಎಂಟು ಪುಟ.

ಈಗ ಪ್ರೊಫೆಸರರ ಪುಟಗಳಲ್ಲಿ ಅವಳು ಹುಡುಕಿದ ತಪ್ಪುಗಳು ಸಿಗಲಿಲ್ಲ. ಮೊದಲ ನೂರು ಪುಟ ಸಲೀಸಾಗಿ ಹೋದವು. ನಾಲ್ಕನೇ ಅಧ್ಯಾಯದಲ್ಲಿ ಒಂದು ಮಾತು ಬಂತು: ಈತನ ನಗೆ ಎಲ್ಲಿ ಗಿಡ್ಡವಾಗುತ್ತದೋ ಅಲ್ಲಿ ದುಃಖ ಉದ್ದವಾಗಿರುತ್ತದೆ. ಅವಳ ಕೈ ಚೀಟಿಯ ಮೇಲೆ ನಿಂತಿತು. ಎಲ್ಲೋ ಕೇಳಿದ ಮಾತು. ಐದನೇ ಅಧ್ಯಾಯದಲ್ಲಿ ಅಂಥವು ಮೂರು ಬಂದವು. ಏಳನೆಯದಕ್ಕೆ ಬರುವಾಗ ಮುಂದಿನ ಸಾಲು ಏನಿರುತ್ತದೆ ಎಂದು ಕಣ್ಣು ಹಾಯುವ ಮೊದಲೇ ಬೆರಳಿಗೆ ಗೊತ್ತಾಗುತ್ತಿತ್ತು. ತಲೆ ಮರೆತದ್ದನ್ನು ಬೆರಳು ಮರೆತಿರಲಿಲ್ಲ.

ಮಂಚದ ಕೆಳಗಿನ ಟ್ರಂಕಿನಿಂದ ಕಾರ್ಬನ್ ಪ್ರತಿಯನ್ನು ಹೊರಗೆ ತೆಗೆದಳು. ಅಕ್ಷರಗಳು ನೀಲಿಯಾಗಿ ಹರಡಿಕೊಂಡಿದ್ದರೂ ಓದಬಹುದಿತ್ತು. ಮೂರು ದಿನ ಎರಡನ್ನೂ ಅಕ್ಕಪಕ್ಕ ಇಟ್ಟುಕೊಂಡು ಕೂತಳು. ನಲವತ್ತೊಂದು ಕಡೆ ಪೆನ್ಸಿಲ್ ಗುರುತು ಬಿತ್ತು. ಎಲ್ಲಿಯೂ ವಾಕ್ಯಗಳು ಇದ್ದ ಹಾಗೆ ಇರಲಿಲ್ಲ. ಕದ್ದ ಸೀರೆಗೆ ಬಣ್ಣ ಹಾಕಿಸಿದ ಹಾಗೆ ಪದಗಳು ಬದಲಾಗಿದ್ದವು, ಅಂಚು ಮಾತ್ರ ಅದೇ. ಆದರೆ ಐನೂರ ಎಪ್ಪತ್ತೊಂದನೇ ಪುಟದಲ್ಲಿ ಒಂದು ವಾಕ್ಯ ಒಂದಕ್ಷರವೂ ಕದಲದೆ ಕೂತಿತ್ತು. ವ್ಯಂಗ್ಯಕಾರನ ಕೊನೆಯ ದಿನಗಳ ಬಗ್ಗೆ:

"ಮಾತು ನಿಂತ ಮೇಲೆ, ಕೆಲಸದವಳು ಬೆಳಿಗ್ಗೆ ಪರದೆ ಸರಿಸುವಾಗ ಆತ ಅವಳ ಕೈಯನ್ನು ಮಾತ್ರ ನೋಡುತ್ತಿದ್ದ, ಮುಖವನ್ನಲ್ಲ."

ಅವಳು ಎದ್ದು ನಿಂತಳು. ಮತ್ತೆ ಕೂತಳು. ಆ ವಾಕ್ಯ ಅಣ್ಣನದಲ್ಲ. ಅವಳದು.

ಪ್ರಬಂಧ ಒಪ್ಪಿಸಬೇಕಾದ ದಿನ ಅಣ್ಣನಿಗೆ ಜ್ವರ ಏರಿ ಮೈಮೇಲೆ ಎಚ್ಚರವಿರಲಿಲ್ಲ. ಕೊನೆಯ ಅಧ್ಯಾಯದ ಒಂದು ಕೈಬರಹದ ಹಾಳೆಯ ತುದಿ ಹರಿದುಹೋಗಿತ್ತು. ಅಮ್ಮನ ಮಾತ್ರೆ ಕಟ್ಟಲು ಯಾರೋ ಹರಿದಿರಬೇಕು. ಒಂದೆರಡು ಸಾಲು ಕಾಣೆ. ಮೇಲಿನದಕ್ಕೂ ಕೆಳಗಿನದಕ್ಕೂ ಕೊಂಡಿ ಬೇಕಿತ್ತು. ವಿಶ್ವವಿದ್ಯಾಲಯದ ಕಚೇರಿ ಮುಚ್ಚಲು ಎರಡು ಗಂಟೆ ಬಾಕಿ. ಅವಳು ತಲೆಯೆತ್ತಿ ನೋಡಿದಾಗ ಮಂಚದ ಮೇಲೆ ಅಮ್ಮ ಅವಳ ಕೈಯನ್ನೇ ನೋಡುತ್ತ ಮಲಗಿದ್ದಳು. ಮುಖದತ್ತ ಅಮ್ಮ ನೋಡುತ್ತಲೇ ಇರಲಿಲ್ಲ, ಐದು ತಿಂಗಳಿಂದಲೂ. ಅವಳು ಆ ವಾಕ್ಯವನ್ನು ಕುಟ್ಟಿದಳು, ಹಾಳೆ ಎಳೆದು ತೆಗೆದಳು, ಓಡಿಹೋಗಿ ಒಪ್ಪಿಸಿ ಬಂದಳು. ಅಣ್ಣ ಎದ್ದ ಮೇಲೆ ಹೇಳಬೇಕು ಎಂದುಕೊಂಡಿದ್ದಳು. ಅದೇ ವಾರ ಅಮ್ಮ ತೀರಿಕೊಂಡಳು. ಹೇಳಬೇಕಾದ ಎಷ್ಟೋ ಮಾತುಗಳ ಜೊತೆ ಅದೂ ಹೋಯಿತು.

ಜೀವಮಾನದಲ್ಲಿ ಅವಳು ಸ್ವಂತವಾಗಿ ಬರೆದ ವಾಕ್ಯ ಅದೊಂದೇ. ಈಗ ಅದು ಅಚ್ಚಿನ ಅಕ್ಷರದಲ್ಲಿ, ಬೇರೆಯವರ ಪುಸ್ತಕದಲ್ಲಿ. ಹೊಟ್ಟೆ ಉರಿಯಿತು. ಆದರೆ ಉರಿಯ ಅಡಿಯಲ್ಲಿ ಒಂದು ಸಂತೋಷವೂ ಇತ್ತು, ಅದನ್ನು ಯಾಕೆ ಮುಚ್ಚಿಡಬೇಕು. ಕಳ್ಳ ಕೈಗೆ ಸಿಕ್ಕಿದ್ದ. ಉಳಿದ ನಲವತ್ತು ಕಡೆ ಆತ ಏನು ಬೇಕಾದರೂ ವಾದಿಸಲಿ. ಈ ವಾಕ್ಯ ಜಗತ್ತಿನ ಯಾವ ಪುಸ್ತಕದಲ್ಲೂ, ಯಾವ ಪತ್ರದಲ್ಲೂ ಇರಲು ಸಾಧ್ಯವೇ ಇಲ್ಲ. ಅಣ್ಣನ ಪ್ರಬಂಧದಿಂದಲ್ಲದೆ ಆತನಿಗೆ ಅದು ಸಿಗುವ ದಾರಿಯೇ ಇಲ್ಲ.

ಭಾನುವಾರ ಅಣ್ಣ ಬಂದ. ಅವನು ಡ್ರೈಕ್ಲೀನಿಂಗ್ ಅಂಗಡಿಯಲ್ಲಿ ಕೆಲಸಕ್ಕಿದ್ದ. ಬಂದ ಬಟ್ಟೆಯ ಕಾಲರಿಗೆ ನಂಬರಿನ ಚೀಟಿ ಪಿನ್ನು ಮಾಡುವುದು, ರಶೀದಿ ಬರೆಯುವುದು. ಇಪ್ಪತ್ತೆರಡು ವರ್ಷ ಅದೇ ಕೌಂಟರು. ಬೆರಳ ತುದಿಗಳಲ್ಲಿ ಪಿನ್ನು ಚುಚ್ಚಿದ ಕಪ್ಪು ಚುಕ್ಕೆಗಳು. ಒಂಟಿ ಜೀವ, ಒಂದು ಬಾಡಿಗೆ ಕೋಣೆ, ಕೋಣೆಯ ತುಂಬ ಅದೇ ಮೂರು ಹಲಗೆ ಪುಸ್ತಕ. ಆ ಅಜ್ಜನ ಬಗ್ಗೆ ಅವನು ಈಗ ಬರೆಯುತ್ತಿರಲಿಲ್ಲ, ಆದರೆ ಮಾತು ಪೂರ್ತಿ ಬಿಟ್ಟಿರಲಿಲ್ಲ. ಪೇಪರಿನಲ್ಲಿ ಯಾರಾದರೂ ಮಂತ್ರಿ ಹುಚ್ಚುಚ್ಚಾಗಿ ಮಾತಾಡಿದರೆ, "ನಮ್ಮಜ್ಜ ಇದ್ದಿದ್ರೆ ಇವನನ್ನ ಹುರಿದು ತಿಂತಿದ್ದ" ಎನ್ನುತ್ತಿದ್ದ.

ಊಟ ಮುಗಿಯುವವರೆಗೂ ತಡೆದುಕೊಂಡಿದ್ದಳು. ತಟ್ಟೆ ತೆಗೆದ ಮೇಜಿನ ಮೇಲೆಯೇ ಎರಡೂ ಕಟ್ಟುಗಳನ್ನು ಹರಡಿದಳು.

"ಅಣ್ಣಾ, ನೋಡು. ಅವನು ನಿನ್ನದನ್ನ ಕದ್ದಿದ್ದಾನೆ. ಆ ನಿನ್ನ ಪರೀಕ್ಷಕ."

ಅಣ್ಣ ಕನ್ನಡಕ ಹಾಕಿಕೊಂಡ. ಪೆನ್ಸಿಲ್ ಗುರುತುಗಳನ್ನು ಒಂದೊಂದಾಗಿ ನೋಡಿದ. ಮುಖದಲ್ಲಿ ಸಿಟ್ಟು ಬರಲಿಲ್ಲ. ಹಳೇ ಸ್ನೇಹಿತನ ಫೋಟೋ ಕಂಡವನ ಹಾಗೆ ಸಣ್ಣಗೆ ನಕ್ಕ. "ಪರವಾಗಿಲ್ಲ, ನಾನು ಚೆನ್ನಾಗೇ ಬರೆದಿದ್ದೆ ಅಲ್ವೇನೇ?" ಎಂದ.

"ಬಿಡಬಾರದು ಅಣ್ಣಾ. ಸಾಕ್ಷಿ ಇದೆ. ಇಲ್ಲಿ ನೋಡು, ಐನೂರ ಎಪ್ಪತ್ತೊಂದು. ಈ ವಾಕ್ಯ. ಇದು ನಿಂದೂ ಅಲ್ಲ, ನಂದು! ಅವತ್ತು ಹಾಳೆ ಹರಿದಿತ್ತು, ನಿಂಗೆ ಜ್ವರ. ನಾನೇ ಹೊಂದಿಸಿ ಬರೆದೆ. ಅಮ್ಮನ್ನ ನೋಡ್ಕೊಂಡು ಬರೆದಿದ್ದು. ಇದು ಬೇರೆ ಎಲ್ಲೂ ಇರೋಕೆ ಸಾಧ್ಯವೇ ಇಲ್ಲ. ಸಿಕ್ಕಿಬಿದ್ದ ತಾನೇ?"

ಅಣ್ಣ ಬೆರಳನ್ನು ಆ ಸಾಲಿನ ಕೆಳಗೆ ಇಟ್ಟಿದ್ದವನು ಹಾಗೇ ಇಟ್ಟುಕೊಂಡಿದ್ದ. ಹೊರಗೆ ಬಸ್ಸು ಬಂದು ನಿಂತು ಜನರನ್ನು ಇಳಿಸಿ ಹೋಯಿತು.

"ನೀನು ಬರೆದಿದ್ದಾ?" ಎಂದ ಕೊನೆಗೆ.

"ಹೂಂ. ಹೇಳ್ಬೇಕು ಅಂದ್ಕೊಂಡೆ, ಅಷ್ಟರಲ್ಲಿ ಅಮ್ಮ..."

"ನನ್ನನ್ನ ಮೌಖಿಕ ಪರೀಕ್ಷೇಲಿ ಕೇಳಿದ್ದು ಒಂದೇ ಪ್ರಶ್ನೆ ಕಣೇ." ಅವನ ದನಿ ಏರಲೂ ಇಲ್ಲ, ಇಳಿಯಲೂ ಇಲ್ಲ. ರಶೀದಿ ಓದುವವನ ಹಾಗಿತ್ತು. "ಪ್ರಬಂಧದ ಬಗ್ಗೆ ಇನ್ನೇನೂ ತಕರಾರಿಲ್ಲ ಅಂದ್ರು. ಈ ವಾಕ್ಯದ ಮೇಲೆ ಬೆರಳಿಟ್ಟು, ಇದಕ್ಕೆ ಆಧಾರ ಎಲ್ಲಿ ಅಂದ್ರು. ಇದೆ ಸರ್, ಅಡಿಟಿಪ್ಪಣಿ ಬಿಟ್ಟುಹೋಗಿದೆ ಅಂದೆ. ನನ್ನ ಪ್ರಬಂಧದಲ್ಲಿದೆ ಅಂದ್ಮೇಲೆ ನಾನೇ ಎಲ್ಲೋ ಓದಿ ಬರೆದಿರ್ಬೇಕಲ್ಲ? ಮನೆಗೆ ಬಂದು ನೋಡಿದ್ರೆ ಆ ಹಾಳೆ ತುದೀಲಿ ಹರಿದಿದೆ. ಸರಿ, ಹರಿದ ಭಾಗದಲ್ಲೇ ಇತ್ತು ಅಂದ್ಕೊಂಡೆ. ಆಧಾರ ತಂದು ತೋರಿಸು ಅಂತ ಆರು ತಿಂಗಳು ಕೊಟ್ರು. ಆಮೇಲೆ ಇನ್ನೊಂದು ಆರು ತಿಂಗಳು. ಇಲ್ಲದ್ದನ್ನ ಹುಟ್ಟಿಸಿ ಬರೆಯೋನಿಗೆ ಪದವಿ ಕೊಡೋಕಾಗಲ್ಲ ಅಂತ ಬರೆದು ಕೈತೊಳ್ಕೊಂಡ್ರು."

ಅಣ್ಣ ಆ ಪರೀಕ್ಷೆಯ ದಿನ ಮನೆಗೆ ಬಂದು "ಆಗಲಿಲ್ಲ" ಎಂದಷ್ಟೇ ಹೇಳಿದ್ದ. ಆಮೇಲಿನ ನಾಲ್ಕು ವರ್ಷ ಊರೂರಿನ ಗ್ರಂಥಾಲಯಗಳಿಗೆ ಅಲೆದಿದ್ದ, ದೂರದೇಶಗಳಿಗೆ ಪತ್ರ ಬರೆದಿದ್ದ. ಪ್ರಬಂಧವನ್ನು ಹೊಸದಾಗಿ ಬರೆಯುತ್ತಿದ್ದಾನೆ ಎಂದು ಅವಳು ತಿಳಿದಿದ್ದಳು.

"ನಾಲ್ಕು ವರ್ಷ ಇದೊಂದೇ ವಾಕ್ಯ ಹುಡುಕಿದೆ," ಎಂದ ಅಣ್ಣ. "ಪತ್ರಗಳು, ಡೈರಿಗಳು, ಅಜ್ಜನ್ನ ನೋಡೋಕೆ ಬಂದವರು ಬರೆದಿದ್ದು, ಕೆಲಸದೋರ ಸಂಬಳದ ಚೀಟಿ, ಒಂದೂ ಬಿಡಲಿಲ್ಲ. ಎಲ್ಲೂ ಇರ್ಲಿಲ್ಲ. ಆದ್ರೆ ನಂಗೆ ಕಣ್ಣಿಗೆ ಕಟ್ಟಿದ ಹಾಗೆ ಇತ್ತು ಆ ಪರದೆ, ಆ ಕೈ. ಓದಿದ್ದು ಯಾವುದು, ಕನಸು ಕಂಡಿದ್ದು ಯಾವುದು ಅಂತ ಗೊತ್ತಾಗದೇ ಇರೋನು ಪುಸ್ತಕ ಬರೀಬಾರ್ದು ಅನ್ನಿಸ್ತು. ನನ್ನ ತಲೆನೇ ನಂಗೆ ನಂಬಿಕೆ ಇಲ್ಲದ ಹಾಗಾಯ್ತು. ಅದಕ್ಕೇ ಬಿಟ್ಟೆ. ಬಟ್ಟೆ ಅಂಗಡೀಲಾದ್ರೆ ಎಲ್ಲದಕ್ಕೂ ನಂಬರಿರುತ್ತೆ."

"ನನ್ನನ್ನ ಒಂದೇ ಒಂದು ಮಾತು ಕೇಳಿದ್ದಿದ್ರೆ..."

"ಟೈಪ್ ಮಾಡಿದವಳನ್ನ ಯಾರು ಕೇಳ್ತಾರೆ?"

ಅವನು ಅದನ್ನು ಚುಚ್ಚಿ ಹೇಳಿರಲಿಲ್ಲ. ನಿಜವಾಗಿಯೂ ಪ್ರಶ್ನೆಯಾಗಿಯೇ ಕೇಳಿದ್ದ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂಬಂತೆ, ಅವಳ ವಾಕ್ಯಕ್ಕೆ ಅವನ ಬದುಕಿನ ಮೇಲೆ ಬರೆ ಬಿದ್ದಿತ್ತು. ಬರೆ ಹಾಕಿದ ಕಬ್ಬಿಣವನ್ನು ಕಾಯಿಸಿಕೊಟ್ಟದ್ದು ತಾನು.

"ದೂರು ಕೊಡೋಣ ಅಣ್ಣಾ," ಎಂದಳು ಅಳುತ್ತ. "ಈಗಲಾದ್ರೂ ನಿನ್ನ ಹೆಸರು ಬರ್ಲಿ. ಅವತ್ತು ಆಧಾರ ಇಲ್ಲ ಅಂದ ಮನುಷ್ಯ ಇವತ್ತು ಅದನ್ನೇ ಬರೆದಿದ್ದಾನಲ್ಲ!"

"ಏನಂತ ಕೊಡ್ಲಿ? ನಾನು ಬರೀದೇ ಇದ್ದ ಸುಳ್ಳನ್ನ ಅವರು ಕದ್ರು ಅಂತಾನಾ? ಕದ್ದಿದ್ದು ಹೌದು ಅನ್ಬೇಕಾದ್ರೆ ಮೊದಲು ಸುಳ್ಳು ಹೌದು ಅನ್ಬೇಕು. ಸುಳ್ಳು ಹೌದು ಅಂದ್ರೆ ಅವರು ಅವತ್ತು ಮಾಡಿದ್ದೇ ಸರಿ." ಅವನು ಕನ್ನಡಕ ತೆಗೆದು ಮಡಿಸಿದ. "ಅತ್ತ ದರಿ ಇತ್ತ ಪುಲಿ. ಅಜ್ಜನಿಗೆ ಹೇಳಿದ್ರೆ ಬಿದ್ದು ಬಿದ್ದು ನಗ್ತಿದ್ದ."

ಆದರೆ ಅವನು ನಗಲಿಲ್ಲ. ಚಹಾ ಬೇಡವೆಂದು ಹೊರಟುಹೋದ.

ಸುಮ್ಮನಿರುವುದು ಅವಳಿಂದ ಆಗಲಿಲ್ಲ. ಸೋಮವಾರ ಕಟ್ಟುಗಳನ್ನೆಲ್ಲ ಚೀಲಕ್ಕೆ ತುಂಬಿಕೊಂಡು ಪ್ರಕಾಶನದ ಕಚೇರಿಗೆ ಹೋದಳು. ಅಲ್ಲಿನ ಸಂಪಾದಕಿ ಅವಳಿಗಿಂತ ಇಪ್ಪತ್ತು ವರ್ಷ ಚಿಕ್ಕವಳು, ಒಳ್ಳೆಯ ಹುಡುಗಿ. ಬಾಗಿಲು ಹಾಕಿಕೊಂಡು ಒಂದು ಗಂಟೆ ಕೂತು ಎಲ್ಲ ಗುರುತುಗಳನ್ನೂ ನೋಡಿದಳು. ಅವಳ ಕಿವಿ ಕೆಂಪಾಗುತ್ತ ಹೋಯಿತು.

"ನಾನು ನಂಬ್ತೀನಿ ಸೂಚಿಯಮ್ಮ. ಓದಿದ ಯಾರಿಗಾದ್ರೂ ಗೊತ್ತಾಗುತ್ತೆ. ಆದ್ರೆ ನಿಮ್ಮಣ್ಣ ಬರೆದು ಕೊಡ್ಬೇಕು."

"ಅವನು ಕೊಡಲ್ಲ."

"ಹಾಗಾದ್ರೆ ನಾನು ಪ್ರೊಫೆಸರನ್ನ ಕೇಳ್ತೀನಿ. ಕೇಳೋದನ್ನಂತೂ ಕೇಳ್ತೀನಿ."

ಕೇಳಿದಳು ಕೂಡ, ಮಾತಿಗೆ ತಪ್ಪಲಿಲ್ಲ. ಬುಧವಾರ ಫೋನು ಮಾಡಿ ನಡೆದದ್ದನ್ನು ಹೇಳುವಾಗ ಅವಳ ದನಿ ಕುಗ್ಗಿತ್ತು. ಪ್ರೊಫೆಸರರು ಸಿಟ್ಟಾಗಲಿಲ್ಲವಂತೆ. ಒಂದೇ ಪತ್ರಗಳನ್ನು ಇಬ್ಬರು ಓದಿದರೆ ಒಂದೇ ಮಾತು ಹೊಳೆಯುವುದು ಸಹಜ ಎಂದರಂತೆ. ಆ ಹುಡುಗ ಬುದ್ಧಿವಂತ, ಪಾಪ, ಆದರೆ ಇಲ್ಲದ್ದನ್ನು ಕಲ್ಪಿಸಿಕೊಳ್ಳುತ್ತಿದ್ದ ಎಂದೂ ಅಂದರಂತೆ. ಐನೂರ ಎಪ್ಪತ್ತೊಂದನೇ ಪುಟದ ವಾಕ್ಯದ ಬಗ್ಗೆ ಕೇಳಿದಾಗ ಮಾತ್ರ, ಅದು ಹಳೇ ಟಿಪ್ಪಣಿಗಳಿಂದ ಹೇಗೋ ನುಸುಳಿರಬೇಕು, ತೆಗೆದುಬಿಡಿ ಎಂದರಂತೆ.

"ತೆಗೆದ್ರಾ?" ಎಂದಳು ಸೂಚಿಯಮ್ಮ.

"ಬರೆದವರು ತೆಗೀರಿ ಅಂದ್ಮೇಲೆ ನಾನೇನು ಮಾಡ್ಲಿ? ಮೇಲಿನೋರೂ ಸಾಕು ಬಿಡಿ ಅಂದ್ರು. ಕ್ಷಮಿಸಿ ಸೂಚಿಯಮ್ಮ." ಆಮೇಲೆ, "ಆ ಪುಟದಲ್ಲಿ ಕೆಳಗಿನದೆಲ್ಲ ಒಂದು ಸಾಲು ಮೇಲೆ ಬಂದಿದೆ ಅಷ್ಟೆ. ಸೂಚಿಯಲ್ಲಿ ಪುಟ ಬದಲಾಗಲ್ಲ" ಎಂದಳು, ಅದೊಂದು ಸಮಾಧಾನ ಎಂಬಂತೆ.

ಅಲ್ಲಿಗೆ ಅವಳ ಕೈಲಿದ್ದ ಒಂದೇ ಸಾಕ್ಷಿಯೂ ಹೋಯಿತು. ತೆಗೆಸಿದ್ದು ತಾನೇ ಹೋಗಿ ಕೊಟ್ಟ ದೂರು. ಅವಳು ಚೀಟಿಗಳ ಸಮೇತ ಕಟ್ಟನ್ನು ಹಿಂದಿರುಗಿಸಿದಳು. ಬೇರೆ ಯಾರೋ ನಾಲ್ಕು ದಿನದಲ್ಲಿ ಸೂಚಿ ಮುಗಿಸಿಕೊಟ್ಟರು, ಪುಸ್ತಕ ಹೊತ್ತಿಗೆ ಸರಿಯಾಗಿ ಹೊರಬಂತು. ಕಚೇರಿಯಿಂದ ಅವಳಿಗೆ ಕೆಲಸ ಬರುವುದು ನಿಲ್ಲಲಿಲ್ಲ. ಮುಂದಿನದು ಹಡಗಿನ ಲಂಗರುಗಳ ಇತಿಹಾಸ.

ಮರುಭಾನುವಾರ ಅಣ್ಣ ಊಟಕ್ಕೆ ಬರಲಿಲ್ಲ. ಅದರ ಮುಂದಿನ ಭಾನುವಾರವೂ ಇಲ್ಲ. ಮೂರನೆಯ ವಾರ ಅವಳೇ ಅವನ ಕೋಣೆಗೆ ಹೋದಳು. ಬೀಗ ಹಾಕಿತ್ತು. ಮನೆಯ ಒಡತಿ ಕೆಳಗಿನ ಮೆಟ್ಟಿಲಲ್ಲಿ ಕೂತು ತರಕಾರಿ ಹೆಚ್ಚುತ್ತಿದ್ದಳು.

"ನಿಮ್ಮಣ್ಣ ಕೋಣೆ ಚೊಕ್ಕ ಮಾಡಿದ್ರಮ್ಮ," ಎಂದಳು ಒಡತಿ ಸಂತೋಷದಿಂದ. "ಆ ಪುಸ್ತಕದ ರಾಶಿ ಎಲ್ಲ ರದ್ದಿಯವನ ಗಾಡಿಗೆ ಹಾಕಿಸಿದ್ರು. ಒಂದೂ ಇಟ್ಕೊಳ್ಳಲಿಲ್ಲ. ಈಗ ಗಾಳಿ ಬೆಳಕು ಚೆನ್ನಾಗಿ ಬರುತ್ತೆ. ಆರೋಗ್ಯಕ್ಕೂ ಒಳ್ಳೇದಲ್ವಾ?"

ಅವಳು ಹೌದು ಎಂದಳು. ರದ್ದಿ ಅಂಗಡಿಗೂ ಹೋಗಿ ಕೇಳಿದಳು. ಅಂಗಡಿಯವನು ಕೈ ಝಾಡಿಸಿ, "ಅಮ್ಮಾ, ಅದು ಯಾವತ್ತೋ ಕಾರ್ಖಾನೆಗೆ ಹೋಗಿ ಕರಗಿ ರಟ್ಟಾಯ್ತು" ಎಂದ.

ಆಮೇಲೆ ಒಂದು ಸೋಮವಾರ, ಬೆಳಿಗ್ಗೆ ಹನ್ನೊಂದರ ಹೊತ್ತಿಗೆ, ಅವಳು ಚಳಿಗಾಲದ ತನ್ನ ಕೋಟನ್ನು ತೋಳಿಗೆ ಹಾಕಿಕೊಂಡು ಡ್ರೈಕ್ಲೀನಿಂಗ್ ಅಂಗಡಿಗೆ ಹೋದಳು. ಕೋಟು ಕೊಳೆಯಾಗಿರಲಿಲ್ಲ. ಬೇರೆ ನೆಪ ಹೊಳೆದಿರಲಿಲ್ಲ. ಅವಳ ಮುಂದೆ ಇಬ್ಬರಿದ್ದರು. ಒಳಗಿನಿಂದ ಬಿಸಿ ಹಬೆಯೂ ಸೀಮೆಎಣ್ಣೆಯಂಥ ವಾಸನೆಯೂ ಬರುತ್ತಿತ್ತು. ಅಣ್ಣ ತಲೆ ಬಗ್ಗಿಸಿ ಒಬ್ಬರ ಶರ್ಟುಗಳನ್ನು ಎಣಿಸುತ್ತಿದ್ದ, ಕಾಲರು ಎತ್ತಿ ಪಿನ್ನು ಹಾಕುತ್ತಿದ್ದ, ರಶೀದಿ ಹರಿದು ಕೊಡುತ್ತಿದ್ದ. ಅವಳ ಸರದಿ ಬಂತು.

"ಅಣ್ಣಾ," ಎಂದಳು.

ಅವನು ಕೋಟನ್ನು ತೆಗೆದುಕೊಂಡ. ಜೇಬುಗಳನ್ನು ತಡವಿ ನೋಡಿದ, ಏನೂ ಉಳಿದಿಲ್ಲ ಎಂದು ಖಾತ್ರಿ ಮಾಡಿಕೊಂಡ. ಒಳಗಿನ ಪಟ್ಟಿಗೆ ಚೀಟಿ ಚುಚ್ಚಿದ.

"ನಾನು ಬೇಕೂಂತ ಮಾಡಿದ್ದಲ್ಲ ಅಣ್ಣಾ. ಹಾಳೆ ಹರಿದಿತ್ತು. ಹೊತ್ತಿರಲಿಲ್ಲ."

"ಗೊತ್ತು," ಎಂದ ಅವನು, ತಲೆ ಎತ್ತದೆ. "ನಿನ್ನ ಮೇಲೆ ಕೋಪ ಇಲ್ಲ. ಕೋಪ ಮಾಡ್ಕೊಳ್ಳೋಣ ಅಂತ ಕೂತು ನೋಡಿದೆ, ಬರಲಿಲ್ಲ."

"ಮತ್ತೆ ಭಾನುವಾರ ಯಾಕೆ ಬರ್ತಿಲ್ಲ?"

ಅವನು ಕೋಟಿನ ಗುಂಡಿಗಳನ್ನು ಎಣಿಸಿದ. ಒಂದು ಸಡಿಲವಾಗಿದೆ ಎಂದು ರಶೀದಿಯ ಮೇಲೆ ಬರೆದ.

"ನಿನ್ನ ಮುಖ ನೋಡಿದ್ರೆ ಆ ನಾಲ್ಕು ವರ್ಷ ನೆನಪಾಗುತ್ತೆ. ನಾನು ಹುಚ್ಚನಲ್ಲ ಅಂತ ಈಗ ಗೊತ್ತಾಯ್ತು, ಸರಿ. ಐವತ್ತಾರು ವರ್ಷಕ್ಕೆ ಗೊತ್ತಾಗಿ ಏನು ಮಾಡ್ಲಿ? ಹುಚ್ಚ ಅಂದ್ಕೊಂಡೇ ಹಾಯಾಗಿದ್ದೆ."

ಅವಳ ಹಿಂದೆ ನಿಂತಿದ್ದವರು ಗಂಟಲು ಸರಿಮಾಡಿಕೊಂಡರು. ಅಣ್ಣ ರಶೀದಿಯನ್ನು ಹರಿದು ಕೌಂಟರಿನ ಮೇಲೆ ಅವಳತ್ತ ಸರಿಸಿದ.

"ಗುರುವಾರ ಬನ್ನಿ," ಎಂದ.

ಹುಟ್ಟಿದಾಗಿನಿಂದ ಅವನು ಅವಳನ್ನು ಬನ್ನಿ ಎಂದವನಲ್ಲ. ಹಿಂದಿದ್ದವರ ಎದುರಿಗೆ ಹಾಗೆ ಅಂದನೋ, ಬಾಯಿಗೆ ಅಭ್ಯಾಸವಾಗಿ ಬಂತೋ, ಬೇಕೆಂದೇ ಅಂದನೋ ಅವಳಿಗೆ ತಿಳಿಯಲಿಲ್ಲ. ಕೇಳುವ ಧೈರ್ಯವೂ ಆಗಲಿಲ್ಲ. ಪಕ್ಕಕ್ಕೆ ಸರಿದು ದಾರಿ ಬಿಟ್ಟಳು.

ಗುರುವಾರ ಹೋದಾಗ ಕೌಂಟರಿನಲ್ಲಿ ಬೇರೆ ಹೆಂಗಸು ಕೂತಿದ್ದಳು. ಅಣ್ಣ ಎಲ್ಲಿ ಎಂದು ಕೇಳಿದ್ದಕ್ಕೆ, "ಅವರು ಒಳಗಡೆ ಇಸ್ತ್ರಿ ಕಡೆಗೆ ಹಾಕಿಸ್ಕೊಂಡ್ರಲ್ಲ, ಜನರ ಜೊತೆ ಮಾತಾಡೋ ಕೆಲಸ ಬೇಡವಂತೆ" ಎಂದಳು. ಒಳಗೆ ಹೋಗಬಹುದೇ ಎಂದರೆ, ಗಿರಾಕಿಗಳನ್ನು ಬಿಡುವುದಿಲ್ಲ ಎಂದಳು. ಹಬೆಯ ಹಿಂದೆ ನಾಲ್ಕೈದು ಜನ ಬೆನ್ನು ತಿರುಗಿಸಿ ನಿಂತು ಕೆಲಸ ಮಾಡುತ್ತಿದ್ದರು. ಎಲ್ಲರೂ ಒಂದೇ ಥರದ ಬಿಳಿ ಅಂಗಿ ತೊಟ್ಟಿದ್ದರು. ಅವರಲ್ಲಿ ಅಣ್ಣ ಯಾರೆಂದು ಅವಳಿಗೆ ಗುರುತು ಹತ್ತಲಿಲ್ಲ.